ಇಂಜೆಕ್ಷನ್ ಫೇಲ್ ಆಗಿಲ್ಲ, ಮರಗಟ್ಟಿದ್ದು ಇಳಿದಿರಬೇಕು
ಇಂಜೆಕ್ಷನ್ ಫೇಲ್ ಆಯಿತಾ ಅಂತ ಕೇಳಿದ್ದೀರಿ, ಅದು ಬಹುಶಃ ಲಿಗ್ನೊಕೇನ್, ಅಂದರೆ ಜಾಗ ಮರಗಟ್ಟಿಸುವ ಮದ್ದು, ಇಳಿದದ್ದು. ಮಲ್ಪೆ ಬೀಚಿನಲ್ಲಿ ವಾಲಿಬಾಲ್ ಆಡುವಾಗ ನಿಮ್ಮ ತಮ್ಮನ ಭುಜದ ಕೀಲು ಜಾರಿತ್ತು, ಕೀಲಿಗೆ ಇಂಜೆಕ್ಷನ್ ಕೊಟ್ಟು ಕೂರಿಸಿದರು, ರಾತ್ರಿ ಮತ್ತೆ ನೋವು ಅಂದಿರಲ್ಲ, ಆ ಮದ್ದು ಕೆಲವು ಗಂಟೆ ನೋವು ಮರೆಸುತ್ತದೆ ಅಷ್ಟೇ, ವಾಸಿ ಮಾಡುವುದಿಲ್ಲ. ನನಗೂ ಹೀಗೇ ಆಗಿತ್ತು.

ಮೊದಲು ಭುಜದ ಹೊರಬದಿ ಮುಟ್ಟಿ ನೋಡಿ. ಈಗಲೂ ಜೋಮು ಇದ್ದರೆ, ಬೆರಳು ತಣ್ಣಗಿದ್ದರೆ, ಭುಜ ಮತ್ತೆ ಚಪ್ಪಟೆ ಕಂಡರೆ ಈಗಲೇ ಕ್ಯಾಶುವಾಲ್ಟಿಗೆ ಹೋಗಿ. ನರಕ್ಕೋ ರಕ್ತನಾಳಕ್ಕೋ ಪೆಟ್ಟಾಗಿರಬಹುದು, ಇಲ್ಲಾ ಮತ್ತೆ ಜಾರಿರಬಹುದು, ನೋಡದೆ ಹೇಳಲಾಗದು. ಇಲ್ಲದಿದ್ದರೆ ಸ್ಲಿಂಗ್ ಬಿಚ್ಚದೆ ಬಟ್ಟೆ ಸುತ್ತಿದ ಐಸ್ 15 ನಿಮಿಷ ಇಡಿ, ಬರೆದುಕೊಟ್ಟ ಮಾತ್ರೆ ಕೊಡಿ. ಎಣ್ಣೆ ತಿಕ್ಕಿಸುವುದು, ಎಳೆಸುವುದು ಮಾತ್ರ ಬೇಡ ಮಾರಾಯ್ರೆ. ಕೂರಿಸಿದ ಮೇಲೆ ಎಕ್ಸ್‌ರೇ ತೆಗೆದಿದ್ದಾರಾ ಅಂತ ಬೆಳಿಗ್ಗೆ ಕೇಳಿ. ಇಂಜೆಕ್ಷನ್‌ನಿಂದ ಸೋಂಕು ಅಪರೂಪ, ಆದರೂ ಜ್ವರ ಬಂದು ಕೀಲು ಕೆಂಪಾಗಿ ಊದಿದರೆ ಕಾಯಬೇಡಿ.