ಆಟ ಬಿಡಿಸುವ ಮುನ್ನ

“ಮಗಳಿಗೆ 13 ವರ್ಷ, ವಾಲಿಬಾಲ್ ಆಡುತ್ತಾಳೆ. ದೊಡ್ಡವಳಾದ ಮೇಲೆ ಸುಸ್ತು, ಮೊಣಕಾಲು ನೋವು. ಓದೂ ಹಿಂದೆ ಬಿದ್ದಿದೆ. ಆಟ ಬಿಡಿಸೋಣ ಎನ್ನುತ್ತಾರೆ ಮನೆಯವರು. ಏನು ಮಾಡಲಿ?” – ಒಬ್ಬ ತಾಯಿ

ಅಮ್ಮಾ, ಪರೀಕ್ಷೆ ಹತ್ತಿರವಿದ್ದಾಗ ಆಟ ಕಡಿಮೆಯಾಗಲಿ, ಒಪ್ಪಿದೆ. ಬಿಡಿಸುವ ಮಾತು ಮಾತ್ರ ಬೇಡ. ನೀವು ಹೇಳಿದ ನೋವು, ಸುಸ್ತು ಎರಡಕ್ಕೂ ಮದ್ದಿದೆ.

ಮೊದಲು ಮೊಣಕಾಲು. ಈ ವಯಸ್ಸಿನಲ್ಲಿ ಎತ್ತರ, ತೂಕ ಸರಸರನೆ ಏರುತ್ತವೆ. ತೊಡೆ, ಸೊಂಟದ ಸ್ನಾಯುಬಲ ಹಿಂದುಳಿಯುತ್ತದೆ. ಜಿಗಿದು ಇಳಿಯುವಾಗ ಮಂಡಿಗಳು ಒಳಕ್ಕೆ ವಾಲುತ್ತವೆ. ಮಂಡಿಯೊಳಗೆ ಮೂಳೆಗಳನ್ನು ಬಿಗಿದಿಡುವ ಪಟ್ಟಿ (ಅಸ್ಥಿರಜ್ಜು) ಹರಿಯುವುದು ಹುಡುಗರಿಗಿಂತ ಹುಡುಗಿಯರಲ್ಲಿ ಹೆಚ್ಚು. ಅಭ್ಯಾಸಕ್ಕೆ ಮುಂಚೆ 15–20 ನಿಮಿಷ ನಿಧಾನ ಓಟ, ಬಸ್ಕಿ, ಒಂಟಿಕಾಲಲ್ಲಿ ನಿಲ್ಲುವುದು, ಜಿಗಿದು ಸದ್ದಿಲ್ಲದೆ ಇಳಿಯುವುದು ನಡೆಯಲಿ. ಇಳಿದಾಗ ಮಂಡಿ ಪಾದದ ನೇರಕ್ಕಿರಬೇಕು. ಮಂಡಿಚಿಪ್ಪಿನ ಕೆಳಗಿನ ಮೂಳೆಯುಬ್ಬು ಮುಟ್ಟಿದರೆ ನೋಯುತ್ತದೆಯೇ? ಸಾಮಾನ್ಯವಾಗಿ ಅದು ಬೆಳವಣಿಗೆಯ ಕಾಲದ ನೋವು. ಕೆಲವು ವಾರ ಜಿಗಿತ ತಗ್ಗಿಸಿ. ಮಂಡಿ ಊದಿದರೆ, ಕುಸಿದಂತಾದರೆ ವೈದ್ಯರಿಗೆ ತೋರಿಸಿ.

ಸುಸ್ತಿಗೆ ಹಿಮೋಗ್ಲೋಬಿನ್ ಒಂದನ್ನೇ ನೋಡಿ ಸುಮ್ಮನಾಗಬೇಡಿ. ಅದು ಸರಿಯಿದ್ದೂ ಕಬ್ಬಿಣದ ದಾಸ್ತಾನು ಬರಿದಾಗಿರಬಹುದು. ಆ ದಾಸ್ತಾನನ್ನು ತೋರಿಸುವ ಫೆರಿಟಿನ್ ಪರೀಕ್ಷೆಯನ್ನೂ ಕೇಳಿ. ಮುಟ್ಟು ಮೂರು ತಿಂಗಳು ನಿಂತರೆ ‘ಆಟಗಾರ್ತಿಯರಿಗೆ ಇದೆಲ್ಲ ಮಾಮೂಲು’ ಎನ್ನುವವರ ಮಾತು ಕೇಳಬೇಡಿ. ಆಡುವಷ್ಟಕ್ಕೆ ತಕ್ಕ ಊಟ ಸಿಗದಿದ್ದಾಗಲೂ ಹಾಗಾಗುತ್ತದೆ, ಮೂಳೆ ಸವೆಯುತ್ತದೆ. ಬದುಕಿಡೀ ಬೇಕಾದ ಮೂಳೆಬಲದ ಬಹುಪಾಲು ಕೂಡುವುದು ಈ ವಯಸ್ಸಿನಲ್ಲೇ, ಜಿಗಿತ ಅದಕ್ಕೆ ಒಳ್ಳೆಯದೇ.

ಅವಳು ಬಾಯಿಬಿಟ್ಟು ಹೇಳದ ಇನ್ನೊಂದು ಕಾರಣವೂ ಇರಬಹುದು: ಒಳಉಡುಪು. ಕೈ ಎತ್ತಿದಾಗ ಸ್ಪೋರ್ಟ್ಸ್ ಬ್ರಾದ ಕೆಳಪಟ್ಟಿ ಮೇಲೇರಿದರೆ ಅದು ಸಡಿಲ. ಪಟ್ಟಿಯಡಿ ಎರಡು ಬೆರಳು ಹಿಡಿಸಿದರೆ ಸಾಕು.

ಇನ್ನು ಆಟ ಏನು ಕಲಿಸುತ್ತದೆ ನೋಡಿ. ಚೆಂಡು ಇಬ್ಬರ ನಡುವೆ ಬಂದಾಗ ಒಬ್ಬಳು ‘ನನ್ನದು!’ ಎಂದು ಗಟ್ಟಿಯಾಗಿ ಕೂಗಲೇಬೇಕು. ಇಲ್ಲವೇ ಇಬ್ಬರೂ ಡಿಕ್ಕಿ ಹೊಡೆಯುತ್ತಾರೆ, ಇಲ್ಲವೇ ಚೆಂಡು ನೆಲಕ್ಕೆ. ಮೆಲ್ಲಗೆ ಮಾತಾಡು ಎಂದು ದಿನವಿಡೀ ಹೇಳಿಸಿಕೊಳ್ಳುವ ಹುಡುಗಿಗೆ ಈ ಕೂಗು ಬೇರೆಲ್ಲಿ ಸಿಕ್ಕೀತು?

ಬಿಡಿಸುವ ಚಪಲ ಹಳೆಯದು. 1928ರ ಆಮ್‌ಸ್ಟರ್‌ಡ್ಯಾಮ್ ಒಲಿಂಪಿಕ್ಸ್‌ನಲ್ಲಿ ಹೆಂಗಸರು 800 ಮೀಟರ್ ಓಡಿದರು. ದಣಿದು ಕೂತವರನ್ನು ಕುಸಿದುಬಿದ್ದರೆಂದು ಪತ್ರಿಕೆಗಳು – ಹೌದು, ನಮ್ಮ ಕಸುಬಿನವರೇ – ಬಣ್ಣಕಟ್ಟಿ ಬರೆದವು. ಹೆಂಗಸರ ಆ ಓಟವನ್ನೇ ಕೈಬಿಟ್ಟರು, ಅದು ಮರಳಿ ಬಂದದ್ದು 1960ರಲ್ಲಿ. ಇಂದಿಗೂ ಒಳ್ಳೆಯ ಹೊತ್ತಿನಲ್ಲಿ ಮೈದಾನ ಹುಡುಗರ ಪಾಲು, ಹುಡುಗಿಯರಿಗೆ ಉಳಿದ ಮೂಲೆ. ಮನೆಯವರೊಡನೆ ವಾದ ಮುಗಿದ ಮೇಲೆ ಒಮ್ಮೆ ಶಾಲೆಗೆ ಹೋಗಿ, ಮೈದಾನದ ಬಳಿಯ ಶೌಚಾಲಯಕ್ಕೆ ಚಿಲಕ, ನೀರು ಇವೆಯೇ ನೋಡಿ ಬನ್ನಿ.