102 ಚಿತ್ರಗಳ ಇಮ್ ಕ್ವಾನ್-ತೇಕ್: ಯಾವುದರಿಂದ ಶುರುಮಾಡಬೇಕು?

ಪ್ರಶ್ನೆ: ಕೊರಿಯಾದ ನಿರ್ದೇಶಕ ಇಮ್ ಕ್ವಾನ್-ತೇಕ್ 102 ಸಿನಿಮಾ ಮಾಡಿದ್ದಾರಂತೆ. ಒಬ್ಬರಿಂದ ಅಷ್ಟು ಹೇಗೆ ಸಾಧ್ಯವಾಯಿತು? ಅವರ ‘ಚುನ್‌ಹ್ಯಾಂಗ್’ ನೋಡಲು ಕೂತೆ. ಹಿನ್ನೆಲೆಯ ಒರಟು ಹಾಡು ನಿಲ್ಲುವುದೇ ಇಲ್ಲ, ಅರ್ಧಕ್ಕೇ ಬಿಟ್ಟೆ. ಯಾವುದರಿಂದ ಶುರುಮಾಡಲಿ?

ಉತ್ತರ: ಮೊದಲು ಲೆಕ್ಕ ನೋಡೋಣ. ಕೊರಿಯಾ ಯುದ್ಧದ ಕಾಲದಲ್ಲಿ ಮನೆ ಬಿಟ್ಟು ಬುಸಾನ್‌ಗೆ ಬಂದ ಇಮ್ ಕೂಲಿ ಮಾಡಿದರು, ಅಮೆರಿಕನ್ ಸೈನಿಕರ ಹಳೆಯ ಬೂಟುಗಳ ವ್ಯಾಪಾರದಲ್ಲಿ ದುಡಿದರು. ಆ ವ್ಯಾಪಾರಿಗಳೇ ಸಿನಿಮಾ ನಿರ್ಮಾಣಕ್ಕಿಳಿದಾಗ ಇವರೂ ರಾಜಧಾನಿ ಸೋಲ್ ಸೇರಿದರು. 1962ರಲ್ಲಿ ಮೊದಲ ಚಿತ್ರ ಬಂತು. ಮುಂದಿನ ಹತ್ತು-ಹನ್ನೊಂದು ವರ್ಷಗಳಲ್ಲೇ ಸುಮಾರು 50 ಆದವು. ಇದಕ್ಕೆ ಕಾರಣ ಅಂದಿನ ಕಾನೂನು. ಇಂತಿಷ್ಟು ದೇಶಿ ಚಿತ್ರ ಮಾಡಿದರೆ ಮಾತ್ರ ವಿದೇಶಿ ಚಿತ್ರ ತರಿಸಲು ಪರವಾನಗಿ ಸಿಗುತ್ತಿತ್ತು, ನಿಜವಾದ ಲಾಭ ಇದ್ದದ್ದು ವಿದೇಶಿ ಚಿತ್ರಗಳಲ್ಲಿ. ಹಾಗಾಗಿ ನಿರ್ಮಾಪಕರಿಗೆ ಬೇಕಿದ್ದದ್ದು ಸಂಖ್ಯೆ. ಆಮೇಲೆ ‘ಉತ್ತಮ ಚಿತ್ರ’ ಎಂದು ಆಯ್ಕೆಯಾದವಕ್ಕೂ ಪರವಾನಗಿ ಸಿಗತೊಡಗಿತು. ಹಣ ಬಾರದ ಗಂಭೀರ ಚಿತ್ರಕ್ಕೂ ದುಡ್ಡು ಹಾಕುವವರು ಸಿಕ್ಕರು, ಇಮ್ ಬದಲಾಗಲು ಅದು ದಾರಿಯಾಯಿತು. ಆರಂಭದ ಚಿತ್ರಗಳು ಸಂಖ್ಯೆಗಾಗಿ ಮಾಡಿದವು, ಅವುಗಳಿಂದ ಶುರುಮಾಡಿದರೆ ನಿರಾಸೆಯಾಗುತ್ತದೆ. ತಾವು ಬದಲಾದದ್ದು 1973ರ ‘ಜಾಪ್ಚೊ’ದಿಂದ ಎಂದು ಅವರೇ ಹೇಳಿಕೊಂಡಿದ್ದಾರೆ.

ನೀವು 1993ರ ‘ಸೊಪ್ಯೊಂಜೆ’ಯಿಂದ ಶುರುಮಾಡಿ. ಸೋಲ್ ನಗರವೊಂದರಲ್ಲೇ ಹತ್ತು ಲಕ್ಷ ಪ್ರೇಕ್ಷಕರನ್ನು ದಾಟಿದ ಮೊದಲ ಕೊರಿಯನ್ ಚಿತ್ರ ಇದು. ಊರೂರು ತಿರುಗುವ ಪನ್ಸೋರಿ (ಕಥೆಯನ್ನು ಹಾಡಿ ಹೇಳುವ ಕೊರಿಯಾದ ಸಾಂಪ್ರದಾಯಿಕ ಕಲೆ) ಗಾಯಕ ಮತ್ತು ಅವನು ಸಾಕಿದ ಇಬ್ಬರು ಮಕ್ಕಳ ಕಥೆ. ಮಗಳಾಗಿ ನಟಿಸಿದ ಓ ಜಂಗ್-ಹೆ ನಿಜವಾಗಿಯೂ ಪನ್ಸೋರಿ ಕಲಿತವರು. ಚಿತ್ರದ ಜೀವವಿರುವುದು ಚೊಂಗ್‌ಸಾನ್ ದ್ವೀಪದಲ್ಲಿ ತೆಗೆದ ಒಂದೇ ಶಾಟ್‌ನಲ್ಲಿ. ಹೊಲಗಳ ನಡುವಿನ ಡೊಂಕು ದಾರಿಯಲ್ಲಿ ಮೂವರೂ ದೂರದಿಂದ ‘ಜಿಂದೊ ಆರಿರಾಂಗ್’ ಹಾಡುತ್ತ ಬರುತ್ತಾರೆ. ಐದು ನಿಮಿಷಕ್ಕೂ ಹೆಚ್ಚು ಹೊತ್ತು ಕಟ್ ಇಲ್ಲ. ನಿಧಾನವಾಗಿ ಶುರುವಾದ ಹಾಡು ಹತ್ತಿರ ಬರುತ್ತ ಕುಣಿತವಾಗುತ್ತದೆ. ನಡುವೆ ಕತ್ತರಿಸಿದ್ದರೆ ಆ ಏರಿಕೆ ನಮ್ಮ ಮೈಗೆ ಹತ್ತುತ್ತಿರಲಿಲ್ಲ. (ಅದು ಪನ್ಸೋರಿಯಲ್ಲ, ಜನಪದ ಗೀತೆ.)

‘ಚುನ್‌ಹ್ಯಾಂಗ್’ನಲ್ಲಿ ನೀವು ಕೇಳಿದ ಒರಟು ಹಾಡೂ ಪನ್ಸೋರಿಯೇ. ಅದರಲ್ಲಿ ಇರುವವರು ಇಬ್ಬರೇ: ಬೀಸಣಿಗೆ ಹಿಡಿದು ನಿಂತು ಕಥೆ ಹಾಡುವವರು, ಕೂತು ಡೋಲು ಬಾರಿಸುವವರು. ಆ ಒರಟುತನ ವರ್ಷಗಟ್ಟಲೆ ಸಾಧಕ ಮಾಡಿ ದಕ್ಕಿಸಿಕೊಂಡ ದನಿ. ನಡುವೆ ಕೇಳುವ “ಓಲ್‌ಸಿಗು!” ಶಹಭಾಸ್‌ಗಿರಿ, ಗದ್ದಲವಲ್ಲ.

ಇಷ್ಟು ಕಿವಿಗೆ ಹೊಂದಿದ ಮೇಲೆ ‘ಚುನ್‌ಹ್ಯಾಂಗ್’ಗೆ (2000) ಮರಳಿ. ಅಲ್ಲಿ ದೃಶ್ಯಗಳನ್ನು ಹೊಸೆದಿರುವುದೇ ಹಾಡಿನ ಲಯಕ್ಕೆ. ಅಧಿಕಾರಿಯ ಬಯಕೆಗೆ ಒಪ್ಪದ ನಾಯಕಿಗೆ ಏಟು ಬೀಳುವ ದೃಶ್ಯ ಗಮನಿಸಿ: ಇಲ್ (ಒಂದು), ಇ (ಎರಡು), ಸಾಮ್ (ಮೂರು) ಎಂಬ ಎಣಿಕೆಯ ಸದ್ದನ್ನೇ ಹಿಡಿದು ಅವಳ ಪ್ರತಿಯೊಂದು ಉತ್ತರವೂ ಹುಟ್ಟುತ್ತದೆ. ಸಬ್‌ಟೈಟಲ್‌ನಲ್ಲಿ ಅರ್ಥ ಬರುತ್ತದೆ, ಈ ಪದದಾಟ ಬರುವುದಿಲ್ಲ. ಆ ದೃಶ್ಯದಲ್ಲಿ ಓದುವುದನ್ನು ಕಡಿಮೆ ಮಾಡಿ, ಎಣಿಕೆ ಕೇಳಿ.

ಹಾಡು ಒಗ್ಗದೇ ಹೋದರೆ ಇಬ್ಬರು ಬೌದ್ಧ ಭಿಕ್ಷುಗಳ ‘ಮಂಡಲ’ (1981) ನೋಡಿ. ಇಲ್ಲವೇ ಚಿತ್ರಕಾರ ಜಾಂಗ್ ಸಂಗ್-ಒಪ್‌ನ ಬದುಕಿನ ‘ಚಿಹ್ವಾಸೊನ್’ (2002). ಕಾನ್ ಚಿತ್ರೋತ್ಸವದಲ್ಲಿ ಇಮ್‌ಗೆ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ತಂದದ್ದು ಇದೇ. ಹಳೆಯ ಕೊರಿಯನ್ ಚಿತ್ರಗಳನ್ನು ಕೊರಿಯನ್ ಫಿಲ್ಮ್ ಆರ್ಕೈವ್ ತನ್ನ ಯೂಟ್ಯೂಬ್ ಚಾನೆಲ್‌ನಲ್ಲಿ ಉಚಿತವಾಗಿ ಇಟ್ಟಿದೆ. ಇಂಗ್ಲಿಷ್ ಸಬ್‌ಟೈಟಲ್ ಕಾಣದಿದ್ದರೆ ಸಿಸಿ ಗುಂಡಿ ಒತ್ತಿ.