ಹದ್ದುಬಸ್ತು ಅರ್ಜಿ ಹಾಕಿ ವರ್ಷವಾದರೂ ಸರ್ವೆಯರ್ ಬಂದಿಲ್ಲ, ಹೈಕೋರ್ಟಿಗೆ ಹೋಗಬಹುದಾ?

ಹೋಗಬಹುದು. ನಾನೂ ಹೋಗಿದ್ದೇನೆ. ಹದ್ದುಬಸ್ತಿಗೆ, ಅಂದರೆ ಜಮೀನಿನ ಗಡಿ ಅಳೆದು ಗುರುತಿಸಲು, ಶುಲ್ಕ ಕಟ್ಟಿ ವರ್ಷವಾಯಿತು, ಸರ್ವೆಯರ್ ಜಮೀನಿನ ಕಡೆ ತಲೆ ಹಾಕಿಲ್ಲ ಅಂತ ಬರೆದಿದ್ದೀರಿ. ಆ ಸಂಕಟ ನನಗೆ ಚೆನ್ನಾಗಿ ಗೊತ್ತು.

ನಮ್ಮದು 2 ಎಕರೆ 10 ಗುಂಟೆ. ಅಪ್ಪ ತೀರಿಕೊಂಡ ಮೇಲೆ ಪಹಣಿ ನನ್ನ ಹೆಸರಿಗೆ ಬಂತು. ಆದರೆ ಪಕ್ಕದ ಬದು ಉಳುಮೆಯಾದಾಗಲೆಲ್ಲ ಒಂದೊಂದು ಸಾಲು ನಮ್ಮ ಕಡೆ ಸರಿಯುತ್ತಿತ್ತು. ಅರ್ಜಿ ಕೊಟ್ಟೆ. ಕಚೇರಿಗೆ ಯಾವಾಗ ಹೋದರೂ 'ಸರ್ವೆಯರ್ ಫೀಲ್ಡಿಗೆ ಹೋಗಿದ್ದಾರೆ, ಮುಂದಿನ ವಾರ ಬನ್ನಿ' ಅನ್ನುವ ಮಾತು. 14 ತಿಂಗಳು ಹೀಗೇ ಕಳೆಯಿತು. ವಕೀಲರು 'ಬರವಣಿಗೆಯಲ್ಲಿ ಏನು ಕೇಳಿದ್ದೀರಿ?' ಅಂದಾಗ ನನ್ನ ಹತ್ತಿರ ಶುಲ್ಕದ ರಸೀದಿ ಬಿಟ್ಟು ಏನೂ ಇರಲಿಲ್ಲ. ಅದರಲ್ಲೂ ಅರ್ಧ ಅಕ್ಷರ ಮಾಸಿಹೋಗಿತ್ತು.

ಹಾಗಾಗಿ ಮೊದಲು ಕಾಗದ ಮಾಡಿಕೊಳ್ಳಿ. ರಸೀದಿಯ ಜೆರಾಕ್ಸ್ ಇಟ್ಟು ಭೂದಾಖಲೆಗಳ ಸಹಾಯಕ ನಿರ್ದೇಶಕರಿಗೆ ಒಂದು ಮನವಿ ಕೊಡಿ. ನಿಮ್ಮ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ. ತೆಗೆದುಕೊಳ್ಳದಿದ್ದರೆ ಸ್ಪೀಡ್ ಪೋಸ್ಟ್ ಮಾಡಿ. ಅರ್ಜಿ ಯಾರ ಹತ್ತಿರ ಇದೆ ಅಂತ ಮಾಹಿತಿ ಹಕ್ಕಿನಲ್ಲೂ ಕೇಳಿ, 30 ದಿನದೊಳಗೆ ಉತ್ತರ ಕೊಡಬೇಕು. ಇನ್ನೊಂದು ವಿಷಯ, ಒಂದೇ ಪಹಣಿಯಲ್ಲಿ ನಾಲ್ಕಾರು ಜನರ ಹೆಸರಿದ್ದರೆ ತಡ ಅದಕ್ಕೇ ಇರಬಹುದು. ಆಗ ಮೊದಲು ಪೋಡಿ, ಅಂದರೆ ಒಬ್ಬೊಬ್ಬರ ಪಾಲು ಅಳೆದು ಬೇರೆ ಮಾಡುವುದು, ಆಗಬೇಕು.

ಇಷ್ಟಾದರೂ ಅಲುಗಾಡದಿದ್ದರೆ ಸಂವಿಧಾನದ 226ನೇ ವಿಧಿಯಲ್ಲಿ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಿ. ನಿಮ್ಮ ಜಿಲ್ಲೆ ನೋಡಿಕೊಂಡು ಬೆಂಗಳೂರು, ಧಾರವಾಡ ಇಲ್ಲವೇ ಕಲಬುರಗಿ ಪೀಠದಲ್ಲಿ. ನೀವು ಕೇಳುವುದು ಮ್ಯಾಂಡಮಸ್, ಅಂದರೆ ಅಧಿಕಾರಿ ಮಾಡಲೇಬೇಕಾದ ಕೆಲಸ ಮಾಡಿಸಿ ಅಂತ. ಜಾಗ ಯಾರದ್ದು ಅಂತ ಅಲ್ಲಿ ತೀರ್ಮಾನ ಆಗುವುದಿಲ್ಲ. ಜಾಸ್ತಿ ಜನ ಎಡವುವುದು ಇಲ್ಲೇ. ಒತ್ತುವರಿ ಕಥೆಯನ್ನೆಲ್ಲ ಅರ್ಜಿಗೆ ತುಂಬಿದರೆ 'ಸಿವಿಲ್ ಕೋರ್ಟಿಗೆ ಹೋಗಿ' ಅಂತ ಕಳಿಸಿಬಿಡಬಹುದು. ಅಳತೆ ತಡವಾಗಿದೆ ಅನ್ನುವುದಷ್ಟೇ ಇರಲಿ.

ನನಗೆ ಸಿಕ್ಕಿದ್ದು ಚಿಕ್ಕ ಆದೇಶ. ಅಕ್ಕಪಕ್ಕದವರಿಗೆ ನೋಟಿಸ್ ಕೊಟ್ಟು 8 ವಾರದೊಳಗೆ ಅಳತೆ ಮುಗಿಸಿ ಅಂತ. ಅದರ ದೃಢೀಕೃತ ನಕಲು ನಾನೇ ಕಚೇರಿಗೆ ಕೊಟ್ಟು ಸೀಲು ಹಾಕಿಸಿಕೊಂಡೆ. ಆದೇಶ ಪಾಲಿಸದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದು, ಆದರೆ ಒಂದು ವರ್ಷದೊಳಗೆ.

ಆರನೇ ವಾರ ಸರ್ವೆಯರ್ ಬಂದರು. ಟಿಪ್ಪಣಿ, ಅಂದರೆ ಹಳೇ ಅಳತೆಯ ನಕ್ಷೆ, ನೋಡಿಕೊಂಡು ಅಳೆಯುತ್ತಾ ಹೋಗಿ ಲಂಟಾನ ಪೊದೆಯ ಹತ್ತಿರ ನಿಂತು 'ಇಲ್ಲಿ ಅಗೆಯಿರಿ' ಅಂದರು. ಮೊಣಕಾಲುದ್ದ ಅಗೆದಾಗ ಹಳೇ ಬಾಂದು ಕಲ್ಲು, ಅಂದರೆ ಗಡಿ ಕಲ್ಲು, ಸಿಕ್ಕಿತು. ಬದು ಅಲ್ಲಿಂದ ಐದು ಹೆಜ್ಜೆ ನಮ್ಮ ಕಡೆ ಬಂದಿತ್ತು. ಆ ಕಲ್ಲಿನ ಮೇಲಿನ ಮಣ್ಣು ಒರೆಸುವಾಗ ಅಪ್ಪ ಇರಬೇಕಿತ್ತು ಅನ್ನಿಸಿತು.

ಪಕ್ಕದವರು ಬಿಟ್ಟುಕೊಡದಿದ್ದರೆ ಮಾತ್ರ ಸಿವಿಲ್ ದಾವೆ. ಅಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26, ನಿಯಮ 9ರಲ್ಲಿ ಸ್ಥಳ ನೋಡಿ ವರದಿ ಕೊಡಲು ಕೋರ್ಟ್ ಕಮಿಷನರ್ ನೇಮಿಸಿ ಅಂತ ಕೇಳಬಹುದು. ನಮ್ಮ ಪಕ್ಕದವರು ಕಲ್ಲು ನೋಡಿ ಮಹಜರಿಗೆ ಸಹಿ ಹಾಕಿದರು. ನನಗೆ ಅದರ ಅಗತ್ಯ ಬರಲಿಲ್ಲ.